ಸದ್ದಿನ ಬೆನ್ನು ಹತ್ತಿ ಸಾಕ್ಷ್ಯಚಿತ್ರಕ್ಕೆ ಬಂದ ಜೀಗಾ ವೆರ್ಟೋವ್

ಸಾಕ್ಷ್ಯಚಿತ್ರ ಎಂಬುದು ಈಗ ನಮ್ಮ ಧರ್ಮಕೇಂದ್ರಗಳಿಗೆ ಹೊಸ ಮಾತಲ್ಲ. ಇಗರ್ಜಿಗೆ ನೂರು ವರ್ಷ ತುಂಬಿದರೆ, ಗುರುಗಳೊಬ್ಬರ ದೀಕ್ಷೆಯ ಸುವರ್ಣ ಮಹೋತ್ಸವ ಬಂದರೆ, ಸ್ವಸಹಾಯ ಸಂಘವೊಂದು ದಶಮಾನೋತ್ಸವ ಆಚರಿಸಿದರೆ ಅರ್ಧ ಗಂಟೆಯ ಒಂದು ಚಿತ್ರ ತಯಾರಾಗುತ್ತದೆ. ಕರಾವಳಿಯಿಂದ ಹೊರಟು ಬಳ್ಳಾರಿ ಧರ್ಮಪ್ರಾಂತ್ಯದ ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಕಡೆಗಳಲ್ಲಿ ಸೇವೆ ಸಲ್ಲಿಸುವ ನಮ್ಮವರೂ ಅಲ್ಲಿನ ಜನರ ಬದುಕನ್ನು ಮೊಬೈಲಿನಲ್ಲೋ ಸಣ್ಣ ಕ್ಯಾಮೆರಾದಲ್ಲೋ ಹಿಡಿದು ಊರಿಗೆ ಕಳುಹಿಸುವುದುಂಟು. ಇಂಥ ಚಿತ್ರಗಳಲ್ಲಿ ನಮಗೆ ಒಂದು ಕೊರತೆ ಕಾಣುತ್ತದೆ. ಚಿತ್ರ ಅಲ್ಲಿಯದು, ಸದ್ದು ಮಾತ್ರ ಅಲ್ಲಿಯದಲ್ಲ. ಎಲ್ಲಿಂದಲೋ ತಂದ ಕೊಳಲಿನ ಸಂಗೀತವನ್ನು ಮೊದಲಿನಿಂದ ಕೊನೆಯವರೆಗೆ ಹರಿಸಿ, ಅದರ ಮೇಲೆ ಗಂಭೀರ ಕಂಠದ ನಿರೂಪಣೆ ಕೂರಿಸಿರುತ್ತಾರೆ. ಗಂಗಾವತಿಯ ಅಕ್ಕಿ ಗಿರಣಿ ಹೇಗೆ ಸದ್ದು ಮಾಡುತ್ತದೆ, ಯಲಬುರ್ಗಾದ ಹೊಲದಲ್ಲಿ ಕಳೆ ತೆಗೆಯುವ ಹೆಂಗಸರು ಏನು ಮಾತಾಡಿಕೊಳ್ಳುತ್ತಾರೆ ಎಂಬುದು ನೋಡುವವರ ಕಿವಿಗೆ ತಲುಪುವುದೇ ಇಲ್ಲ.

ನೂರು ವರ್ಷಗಳಿಗೂ ಹಿಂದೆ ಇದೇ ಸದ್ದಿಗಾಗಿ ಹಟ ಹಿಡಿದ ಒಬ್ಬ ಯುವಕನಿದ್ದ. ಸದ್ದನ್ನು ಹಿಡಿದು, ಕತ್ತರಿಸಿ, ಜೋಡಿಸುವ ಕೆಲಸಕ್ಕೆ ಕೈಹಾಕಿದ ಆತ, ಯಂತ್ರ ಕೈಕೊಟ್ಟದ್ದರಿಂದ ಚಲನಚಿತ್ರದ ಕಡೆ ತಿರುಗಿ, ಲೋಕಪ್ರಸಿದ್ಧ ಸಾಕ್ಷ್ಯಚಿತ್ರಕಾರನಾದ. ಆತನ ಹೆಸರು ಜೀಗಾ ವೆರ್ಟೋವ್. ನಾವು ಈ ಜೀವನ ಕಥೆಯನ್ನು ಹೇಳಲು ಇನ್ನೊಂದು ಕಾರಣವೂ ಇದೆ. ವೆರ್ಟೋವ್ ದೇವರನ್ನು ನಂಬಿದವರಲ್ಲ. ಇಗರ್ಜಿಗಳ ಶಿಲುಬೆ ಕೆಳಗುರುಳುವುದನ್ನು ಸಂಭ್ರಮದಿಂದ ಚಿತ್ರಿಸಿದವರು. ಆದರೂ ಅವರ ಕೆಲಸದಿಂದ ನಮ್ಮಂಥವರು ಕಲಿಯಬೇಕಾದದ್ದು ಬಹಳಷ್ಟಿದೆ, ಎಚ್ಚರ ವಹಿಸಬೇಕಾದದ್ದೂ ಇದೆ.

ವೆರ್ಟೋವ್ ಹುಟ್ಟಿದ್ದು 1896ರ ಜನವರಿ 2ರಂದು, ಬಿಯಾಲಿಸ್ಟಾಕ್ ಎಂಬ ಪಟ್ಟಣದಲ್ಲಿ. ಇಂದು ಪೋಲೆಂಡಿನಲ್ಲಿರುವ ಆ ಪಟ್ಟಣ ಆಗ ರಷ್ಯಾದ ಚಕ್ರಾಧಿಪತ್ಯಕ್ಕೆ ಸೇರಿತ್ತು. ಹೆತ್ತವರಿಟ್ಟ ಹೆಸರು ಡೇವಿಡ್ ಕೌಫ್‌ಮನ್. ಯೆಹೂದ್ಯ ಕುಟುಂಬ, ತಂದೆ ಪುಸ್ತಕ ವ್ಯಾಪಾರಿ. ಮಿಖಾಯಿಲ್ ಮತ್ತು ಬೋರಿಸ್ ಎಂಬ ಇಬ್ಬರು ತಮ್ಮಂದಿರು. ಮುಂದೆ ಈ ಮೂವರೂ ಸಿನಿಮಾ ಲೋಕದಲ್ಲಿ ಹೆಸರು ಮಾಡಿದ್ದು ಗಮನಾರ್ಹ. ಡೇವಿಡ್‌ಗೆ ಹತ್ತು ವರ್ಷವಾಗಿದ್ದಾಗ, 1906ರ ಜೂನ್ ತಿಂಗಳಲ್ಲಿ, ಆ ಊರಿನಲ್ಲಿ ಯೆಹೂದ್ಯರ ಮೇಲೆ ಭೀಕರ ಹತ್ಯಾಕಾಂಡ ನಡೆಯಿತು. ಅಂಥ ಊರಿನಲ್ಲಿ ಬೆಳೆದ ಹುಡುಗ ಸಂಗೀತ ಶಾಲೆ ಸೇರಿ ಪಿಯಾನೊ, ವಯಲಿನ್ ಕಲಿತ. ಕವಿತೆ ಬರೆದ. ಮೊದಲನೆಯ ಮಹಾಯುದ್ಧದಲ್ಲಿ ಜರ್ಮನ್ ಸೇನೆ ಹತ್ತಿರ ಬಂದಾಗ, 1915ರಲ್ಲಿ, ಕುಟುಂಬ ಊರು ಬಿಟ್ಟು ರಷ್ಯಾದ ಒಳಭಾಗಕ್ಕೆ ಓಡಬೇಕಾಯಿತು.

ಮರುವರ್ಷ ಡೇವಿಡ್ ಪೆಟ್ರೋಗ್ರಾಡ್ ನಗರದ ಮನೋ-ನರವಿಜ್ಞಾನ ಸಂಸ್ಥೆಯಲ್ಲಿ ವಿದ್ಯಾರ್ಥಿಯಾದರು. ಬೇರೆ ಕಡೆ ಯೆಹೂದ್ಯ ವಿದ್ಯಾರ್ಥಿಗಳಿಗೆ ಮಿತಿ ಹೇರುತ್ತಿದ್ದ ಆ ಕಾಲದಲ್ಲಿ ಈ ಸಂಸ್ಥೆ ಅವರಿಗೆ ಬಾಗಿಲು ತೆರೆದಿತ್ತು. ಇಲ್ಲಿಯೇ ಅವರು ತಮ್ಮ ಪ್ರಯೋಗವನ್ನು ಆರಂಭಿಸಿದರು. ಅದಕ್ಕೆ ಅವರಿಟ್ಟ ಹೆಸರು ಶ್ರವಣ ಪ್ರಯೋಗಾಲಯ. ಪ್ರಯೋಗಾಲಯ ಎಂದರೆ ದೊಡ್ಡ ಕಟ್ಟಡವೇನಲ್ಲ, ಒಬ್ಬ ವಿದ್ಯಾರ್ಥಿ ಮತ್ತು ಮೇಣದ ತಟ್ಟೆಯ ಮೇಲೆ ಧ್ವನಿ ಕೊರೆಯುವ ಒಂದು ಹಳೆಯ ಯಂತ್ರ, ಅಷ್ಟೇ. ಹಾಡುಗಾರರ ಹಾಡನ್ನು ಮುದ್ರಿಸುವುದು ಅವರ ಉದ್ದೇಶವಾಗಿರಲಿಲ್ಲ. ಲೋಕದ ಸದ್ದು ಬೇಕಿತ್ತು. ಜಲಪಾತದ ಮೊರೆತ, ಮರ ಕೊಯ್ಯುವ ಗಿರಣಿಯ ಕಿರುಚಾಟ ಇವುಗಳನ್ನು ಹಿಡಿದು, ಬೇಕಾದಲ್ಲಿ ಕತ್ತರಿಸಿ, ಒಂದರ ಪಕ್ಕ ಒಂದನ್ನಿಟ್ಟು, ಸದ್ದಿನಿಂದಲೇ ಒಂದು ಕೃತಿ ಕಟ್ಟಬೇಕೆಂಬ ಆಸೆ. ಇಂದು ನಾವು ಧ್ವನಿ ಸಂಕಲನ ಎಂದು ಕರೆಯುವ ಕೆಲಸವೇ ಇದು. ಆಗ ಆ ಕಸುಬಿಗೆ ಹೆಸರೂ ಇರಲಿಲ್ಲ, ಮಾತಾಡುವ ಸಿನಿಮಾವೂ ಇರಲಿಲ್ಲ.

ಪ್ರಯೋಗ ಸೋತಿತು. ಸೋತದ್ದೇಕೆ ಎಂಬುದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಅಂದಿನ ಯಂತ್ರಕ್ಕೆ ವಿದ್ಯುತ್ ಮೈಕ್ ಇರಲಿಲ್ಲ. ದೊಡ್ಡ ತುತ್ತೂರಿಯ ಬಾಯಿಗೆ ಹತ್ತಿರವಿದ್ದ ಸದ್ದು ಮಾತ್ರ ಮುಳ್ಳನ್ನು ಅಲುಗಿಸಿ ಮೇಣದ ಮೇಲೆ ಗೆರೆ ಕೊರೆಯುತ್ತಿತ್ತು. ಹಾಡುಗಾರ ಬಂದು ತುತ್ತೂರಿಯ ಮುಂದೆ ನಿಲ್ಲಬಹುದು, ಜಲಪಾತ ಬರುವುದಿಲ್ಲವಲ್ಲ! ಹಾಗೂ ಹೀಗೂ ಮುದ್ರಿಸಿದರೆ ಯಂತ್ರದ್ದೇ ಕೊರಕೊರ ಸದ್ದು ಹೆಚ್ಚು ಕೇಳುತ್ತಿತ್ತು. ಎಲ್ಲಕ್ಕಿಂತ ದೊಡ್ಡ ತೊಡಕೆಂದರೆ ಮೇಣದ ತಟ್ಟೆಯನ್ನು ಕತ್ತರಿಸಿ ಜೋಡಿಸಲು ಬರುವುದಿಲ್ಲ. ಮುದ್ರಿಸಿದ್ದು ಮುದ್ರಿಸಿದಂತೆಯೇ ಉಳಿಯುತ್ತದೆ. ಸದ್ದನ್ನು ಅಕ್ಷರಗಳಲ್ಲಿ ಬರೆದಿಡಲು ಕೂಡ ಆ ಯುವಕ ಪ್ರಯತ್ನಿಸಿದ. ಅದೂ ಸಾಲಲಿಲ್ಲ. ಕಿವಿಗೆ ಕೇಳಿದ್ದನ್ನು ಹಿಡಿದಿಡುವ ಸಾಧನವಿಲ್ಲವಾದರೆ ಕಣ್ಣಿಗೆ ಕಂಡದ್ದನ್ನಾದರೂ ಹಿಡಿಯೋಣ ಎಂಬ ಆಲೋಚನೆ ಹುಟ್ಟಿದ್ದು ಆಗಲೇ. ಫಿಲ್ಮನ್ನು ಕತ್ತರಿಯಿಂದ ಕತ್ತರಿಸಬಹುದು, ಅಂಟಿನಿಂದ ಅಂಟಿಸಬಹುದು.

ಈ ತೊಡಕು ಎಂಥದ್ದೆಂದು ನಮ್ಮ ಓದುಗರಿಗೆ ತಿಳಿಯಬೇಕಾದರೆ ಕೊಪ್ಪಳದ ಕಡೆಗೇ ನೋಡೋಣ. 1997ರಲ್ಲಿ ರಾಯಚೂರಿನಿಂದ ಬೇರ್ಪಟ್ಟು ಕೊಪ್ಪಳ ಜಿಲ್ಲೆಯಾದಾಗ ಅದರಲ್ಲಿದ್ದದ್ದು ಮೇಲೆ ಹೇಳಿದ ನಾಲ್ಕೇ ತಾಲ್ಲೂಕುಗಳು. ಆ ನಾಲ್ಕರಲ್ಲಿ ಎಷ್ಟು ಬಗೆಯ ಸದ್ದು! ಮುನಿರಾಬಾದಿನಲ್ಲಿ ತುಂಗಭದ್ರಾ ಅಣೆಕಟ್ಟಿನ 33 ಗೇಟುಗಳಿಂದ ನೀರು ಬಿಟ್ಟಾಗಿನ ಮೊರೆತ, ಗಂಗಾವತಿಯ ಅಕ್ಕಿ ಗಿರಣಿಗಳು, ಕೊಪ್ಪಳದ ಮಗ್ಗುಲಿನ ಭಾಗ್ಯನಗರದ ಮಗ್ಗಗಳು, ಗಿಣಿಗೇರಿಯ ಉಕ್ಕಿನ ಕಾರ್ಖಾನೆಗಳು, ಕುಷ್ಟಗಿ ಕಡೆಯ ಕಲ್ಲು ಕ್ವಾರಿಗಳು. ಗಂಗಾವತಿಯ ಹತ್ತಿರ ಹಿರೇಬೆಣಕಲ್ ಬೆಟ್ಟದಲ್ಲಿ ಸುಮಾರು 400 ಶಿಲಾಸಮಾಧಿಗಳಿರುವ ಆದಿಕಾಲದ ನೆಲೆಯಿದೆ. ಎರಡು ಸಾವಿರ ವರ್ಷಗಳಿಗೂ ಹಳೆಯದು. ಅಲ್ಲೊಂದು ಬಂಡೆಯ ನೆತ್ತಿಯಲ್ಲಿ ನಗಾರಿಯ ಆಕಾರದ ಕಲ್ಲೊಂದಿದೆ. ಬಡಿದರೆ ಅದರ ನಾದ ದೂರದವರೆಗೆ ಕೇಳುತ್ತದೆ. ಲೋಹ ಕಾಯಿಸಿ ಗಂಟೆ ಎರಕ ಹೊಯ್ಯುವುದಕ್ಕೂ ಮೊದಲೇ ಜನರನ್ನು ಕೂಡಿಸಲು ಈ ನಾಡಿನಲ್ಲಿ ಸದ್ದು ಬೇಕಾಗಿತ್ತು ಎಂದು ನಮಗೆ ತೋರುತ್ತದೆ. ವೆರ್ಟೋವ್ ಬಯಸಿದ್ದು ಇಂಥ ಸದ್ದುಗಳನ್ನು. ಅವರ ಯಂತ್ರವನ್ನು ಆ ಬೆಟ್ಟಕ್ಕೆ ಹೊತ್ತೊಯ್ದಿದ್ದರೂ ಸಿಗುತ್ತಿದ್ದದ್ದು ಬರೀ ಕೊರಕೊರ ಶಬ್ದ. ಇಂದು ಅಂಗೈಯಗಲದ ಮೊಬೈಲಿಗೆ ಅದು ಸಲೀಸು. ಹಾಗಿದ್ದೂ ನಾವು ಕೊಳಲಿನ ಸಂಗೀತ ಹಾಕುತ್ತೇವೆ.

1917ರಲ್ಲಿ ರಷ್ಯಾದಲ್ಲಿ ಕ್ರಾಂತಿಯಾಯಿತು. 1918ರಲ್ಲಿ ಡೇವಿಡ್ ಮಾಸ್ಕೋ ಸೇರಿ, ಪತ್ರಕರ್ತ ಮಿಖಾಯಿಲ್ ಕೋಲ್ತ್‌ಸೋವ್ ಅವರ ಮೂಲಕ ಸರಕಾರದ ಚಲನಚಿತ್ರ ಸಮಿತಿಯಲ್ಲಿ ಕೆಲಸಕ್ಕೆ ಸೇರಿದರು. 'ಕಿನೊ-ನೆಡೆಲ್ಯಾ', ಅಂದರೆ ಚಿತ್ರವಾರ, ಎಂಬ ವಾರದ ವಾರ್ತಾಚಿತ್ರದ ಕಚೇರಿ ಕೆಲಸ ಅವರದು. ಹೆಸರು ಬದಲಾದದ್ದೂ ಈ ಸುಮಾರಿಗೇ. ಜೀಗಾ ಎಂದರೆ ಉಕ್ರೇನಿನ ಭಾಷೆಯಲ್ಲಿ ಬುಗುರಿ. ವೆರ್ಟೋವ್ ಎಂಬುದರಲ್ಲಿಯೂ ಗಿರಗಿರನೆ ತಿರುಗುವ ಅರ್ಥವಿದೆ. ಫಿಲ್ಮ್ ಸುರುಳಿ ತಿರುಗುವುದನ್ನೇ ಬದುಕು ಮಾಡಿಕೊಂಡವರಿಗೆ ಒಪ್ಪುವ ಹೆಸರು.

ಆ ದಿನಗಳದೊಂದು ಪ್ರಸಂಗ ಕುತೂಹಲಕರವಾಗಿದೆ. ಮಾಸ್ಕೋದ ಕಚೇರಿಯ ಅಂಗಳದಲ್ಲಿದ್ದ ಕೃತಕ ಗುಹೆಯ ಛಾವಣಿಯಿಂದ, ಸುಮಾರು ಒಂದೂವರೆ ಮಹಡಿ ಎತ್ತರದಿಂದ, ವೆರ್ಟೋವ್ ಕೆಳಗೆ ಹಾರಿದರು. ಛಾಯಾಗ್ರಾಹಕ ಅದನ್ನು ನಿಧಾನಗತಿಯಲ್ಲಿ ಚಿತ್ರಿಸಬೇಕೆಂದು ಮೊದಲೇ ಹೇಳಿಟ್ಟಿದ್ದರು. ಪರದೆಯ ಮೇಲೆ ನೋಡಿದಾಗ ಹಾರುವ ಮೊದಲಿನ ಹಿಂಜರಿಕೆ, ನಡುವಿನ ಭಯ, ನೆಲ ಮುಟ್ಟಿದಾಗಿನ ನಾಚಿಕೆ ಒಂದೊಂದೂ ಮುಖದಲ್ಲಿ ಬಿಡಿಬಿಡಿಯಾಗಿ ಕಂಡಿತು. ಬರಿಗಣ್ಣಿಗೆ ಕಾಣದ ಸತ್ಯವನ್ನು ಕ್ಯಾಮೆರಾ ಕಾಣಬಲ್ಲದು ಎಂಬ ನಂಬಿಕೆ ಅವರಲ್ಲಿ ಗಟ್ಟಿಯಾಯಿತು. ನಟರು, ಕಥೆ, ಬಣ್ಣ ಬಳಿದ ಪರದೆ ಯಾವುದೂ ಬೇಡ, ಬದುಕನ್ನು ಇದ್ದಲ್ಲಿಯೇ ಹಿಡಿಯಬೇಕು ಎಂಬುದು ಅಂದಿನಿಂದ ಅವರ ವ್ರತವಾಯಿತು.

ಸಂಕಲನದ ಕೋಣೆಯಲ್ಲಿ ಅವರಿಗೆ ಜೊತೆಗಾತಿ ಸಿಕ್ಕರು. ಎಲಿಜವೆಟಾ ಸ್ವಿಲೋವಾ ಹುಡುಗಿಯಾಗಿದ್ದಾಗಲೇ ಫಿಲ್ಮ್ ಕೆಲಸಕ್ಕೆ ಸೇರಿದವರು. ಅಂತರ್ಯುದ್ಧದ ಕುರಿತ ಒಂದು ಕಿರುಚಿತ್ರಕ್ಕಾಗಿ ವೆರ್ಟೋವ್ ಕ್ಷಣಮಾತ್ರ ಮಿಂಚಿ ಮರೆಯಾಗುವ ಅತಿ ಚಿಕ್ಕ ತುಣುಕುಗಳನ್ನು ಕತ್ತರಿಸಿಕೊಟ್ಟಿದ್ದರು. ಜೋಡಿಸಬೇಕಿದ್ದ ಕೆಲಸಗಾರ್ತಿ ಅವು ಚೂರುಪಾರು ಎಂದುಕೊಂಡು ಕಸದ ಬುಟ್ಟಿಗೆ ಹಾಕಿದಳಂತೆ. ಅವರ ಬೇಸರ ನೋಡಲಾರದೆ ಸ್ವಿಲೋವಾ ಆ ಚಿತ್ರವನ್ನು ತಾವೇ ಜೋಡಿಸಿಕೊಟ್ಟರು. ಮುಂದೆ ಇಬ್ಬರೂ ಮದುವೆಯಾದರು. ಅಂದಿನಿಂದ ವೆರ್ಟೋವ್ ಹೆಸರಿನಲ್ಲಿ ಬಂದ ಚಿತ್ರಗಳೆಲ್ಲ ಸ್ವಿಲೋವಾ ಅವರ ಕೈಯಿಂದಲೂ ಬಂದವು ಎಂದರೆ ತಪ್ಪಾಗಲಾರದು. ತಮ್ಮ ಮಿಖಾಯಿಲ್ ಕ್ಯಾಮೆರಾ ಹಿಡಿದರು. ಈ ಮೂವರ ಕೂಟವೇ ಎಲ್ಲಕ್ಕೂ ಮೂಲ.

1920ರಲ್ಲಿ ಪ್ರಚಾರ ರೈಲಿನಲ್ಲಿ ಊರೂರು ಸುತ್ತಿ, ಸಿನಿಮಾವನ್ನೇ ಕಾಣದ ರೈತರಿಗೆ ಚಿತ್ರ ತೋರಿಸುವ ಕೆಲಸವನ್ನೂ ವೆರ್ಟೋವ್ ಮಾಡಿದರು. 1922ರಿಂದ 1925ರವರೆಗೆ 'ಕಿನೊ-ಪ್ರಾವ್ಡಾ' ಎಂಬ ಹೆಸರಿನ 23 ವಾರ್ತಾಚಿತ್ರಗಳು ಬಂದವು. ಆ ಹೆಸರಿನ ಅರ್ಥ ಚಲನಚಿತ್ರ ಸತ್ಯ. ಅದರ ಮೊದಲ ಸಂಚಿಕೆಯನ್ನು ನಾವು ಮರೆಯುವಂತಿಲ್ಲ. ವೋಲ್ಗಾ ನದಿಯ ಪ್ರದೇಶದಲ್ಲಿ ಭೀಕರ ಬರ ಬಿದ್ದಿದ್ದ ಕಾಲ ಅದು. ಎಲುಬು ಎಣಿಸಬಹುದಾದ ಮಕ್ಕಳನ್ನು ಪರದೆಯ ಮೇಲೆ ತೋರಿಸಿ, ಅವರನ್ನು ಉಳಿಸಿ ಎಂದು ಚಿತ್ರ ಮೊರೆಯಿಟ್ಟಿತು. ಅದೇ ಸಂಚಿಕೆಯಲ್ಲಿ ಇಗರ್ಜಿಗಳ ಚಿನ್ನ ಬೆಳ್ಳಿಯನ್ನು ಹಸಿದವರಿಗಾಗಿ ಎಂದು ಸರಕಾರ ತೆಗೆದುಕೊಂಡು ಹೋಗುವ ದೃಶ್ಯವೂ ಇತ್ತು. ಹಸಿದ ಮಗುವಿನ ಮುಂದೆ ಬೆಳ್ಳಿಯ ಪಾತ್ರೆ ದೊಡ್ಡದಲ್ಲ ಎಂಬುದನ್ನು ಕ್ರೈಸ್ತರಾದ ನಾವು ಒಪ್ಪಲೇಬೇಕು. ಆದರೆ ಆ ವಶಪಡಿಸಿಕೊಳ್ಳುವಿಕೆಯ ಹಿಂದೆ ಧರ್ಮಸಭೆಯನ್ನು ಮುರಿಯುವ ಉದ್ದೇಶವೂ ಇತ್ತೆಂಬುದನ್ನು ಚಿತ್ರ ಹೇಳಲಿಲ್ಲ. ಸತ್ಯ ಎಂಬ ಹೆಸರಿದ್ದರೂ ಸತ್ಯದ ಒಂದು ಪಾರ್ಶ್ವ ಹೊರಗುಳಿಯಿತು.

ಈ ಮಧ್ಯೆ ಹಲವು ಚಿತ್ರಗಳಾದವು. ಖರ್ಚು ಹೆಚ್ಚಾಯಿತೆಂದು, ಮುಂದಿನ ಚಿತ್ರಕ್ಕೆ ಬರೆದ ಚಿತ್ರಕಥೆ ಕೊಡಲಿಲ್ಲವೆಂದು 1927ರಲ್ಲಿ ಮಾಸ್ಕೋದ ಸರಕಾರಿ ಸಂಸ್ಥೆ ಅವರನ್ನು ಕೆಲಸದಿಂದ ತೆಗೆಯಿತು. ಉಕ್ರೇನಿನ ಚಲನಚಿತ್ರ ಸಂಸ್ಥೆ ಕರೆದು ಕೆಲಸ ಕೊಟ್ಟಿತು. ಅಲ್ಲಿ ತಯಾರಾದ 'ಚಲನಚಿತ್ರ ಕ್ಯಾಮೆರಾ ಹಿಡಿದ ಮನುಷ್ಯ' 1929ರಲ್ಲಿ ತೆರೆ ಕಂಡಿತು. ಕೀವ್, ಖಾರ್ಕಿವ್, ಒಡೆಸ್ಸಾ, ಮಾಸ್ಕೋ ನಗರಗಳಲ್ಲಿ ಚಿತ್ರೀಕರಿಸಿದ, ಒಂದು ನಗರದ ಒಂದು ದಿನದ ಕಥೆಯಂತಿರುವ ಈ ಮೂಕಿ ಚಿತ್ರದಲ್ಲಿ ನಡುನಡುವೆ ಬರುವ ಬರಹದ ಫಲಕಗಳೂ ಇಲ್ಲ. ಸ್ವಿಲೋವಾ ಮೇಜಿನ ಮುಂದೆ ಕುಳಿತು ಫಿಲ್ಮ್ ಕತ್ತರಿಸುವುದನ್ನೂ ಅದರಲ್ಲಿ ನೋಡಬಹುದು. ಬ್ರಿಟನ್ನಿನ ಹೆಸರಾಂತ ಚಲನಚಿತ್ರ ಪತ್ರಿಕೆಯೊಂದು 2014ರಲ್ಲಿ ನಡೆಸಿದ ಮತದಾನದಲ್ಲಿ ವಿಮರ್ಶಕರೂ ಚಿತ್ರಕಾರರೂ ಇದನ್ನು ಎಲ್ಲ ಕಾಲದ ಅತ್ಯುತ್ತಮ ಸಾಕ್ಷ್ಯಚಿತ್ರವೆಂದು ಆರಿಸಿದರು. ಲೋಕವೆಲ್ಲ ಕೊಂಡಾಡುವ ಈ ಚಿತ್ರವನ್ನು ನಾವು ಇಲ್ಲಿ ಬೇಗ ದಾಟುತ್ತೇವೆ. ಅಣ್ಣತಮ್ಮಂದಿರು ಇದರ ನಂತರ ಜಗಳವಾಡಿ ಬೇರೆಯಾದರು ಎಂಬುದನ್ನಷ್ಟು ಹೇಳಿ ಮುಂದೆ ಹೋಗೋಣ. ಏಕೆಂದರೆ ಶ್ರವಣ ಪ್ರಯೋಗಾಲಯದ ಹಳೆಯ ಕನಸು ಈಗ ಮತ್ತೆ ಎದ್ದು ಬಂದಿತ್ತು.

ಸಿನಿಮಾಕ್ಕೆ ಮಾತು ಬಂದ ಕಾಲ ಅದು. ಹೊಸ ವಿಧಾನದಲ್ಲಿ ಮೈಕ್ ಹಿಡಿದ ಸದ್ದು ವಿದ್ಯುತ್ತಾಗಿ, ವಿದ್ಯುತ್ತು ಬೆಳಕಿನ ಏರಿಳಿತವಾಗಿ, ಫಿಲ್ಮಿನ ಅಂಚಿನಲ್ಲಿ ಕಪ್ಪು ಬಿಳುಪಿನ ಪಟ್ಟಿಯಾಗಿ ಅಚ್ಚಾಗುತ್ತಿತ್ತು. ಹಾಗೆಂದರೆ ಸದ್ದನ್ನೂ ಕತ್ತರಿಯಿಂದ ಕತ್ತರಿಸಿ ಅಂಟಿಸಬಹುದು! 1916ರಲ್ಲಿ ಮೇಣದ ತಟ್ಟೆ ಕೊಡದೆಹೋದದ್ದನ್ನು ಫಿಲ್ಮ್ ಕೊಟ್ಟಿತು. ರಷ್ಯಾದಲ್ಲಿ ಈ ವಿಧಾನವನ್ನು ರೂಪಿಸಿದವರಲ್ಲಿ ಅಲೆಕ್ಸಾಂಡರ್ ಶೋರಿನ್ ಒಬ್ಬರು. ಆದರೆ ಬಲ್ಲವರೆಲ್ಲ ಧ್ವನಿಮುದ್ರಣ ಎಂದರೆ ಗೋಡೆಗೆ ದಪ್ಪ ಬಟ್ಟೆ ಹೊದಿಸಿದ ಸ್ಟುಡಿಯೋದೊಳಗೇ ಆಗಬೇಕು ಎನ್ನುತ್ತಿದ್ದರು. ಹೊರಗಿನ ಸದ್ದು, ಅದರಲ್ಲಿಯೂ ಕಾರ್ಖಾನೆಯ ಸದ್ದು, ಕೇಳುವವರಿಗೆ ಬರೀ ಗದ್ದಲವಾಗುತ್ತದೆ ಎಂದು ಇಪ್ಪೊಲಿಟ್ ಸೊಕೊಲೋವ್ ಎಂಬ ವಿಮರ್ಶಕರು ವಾದಿಸಿದರು. ವೆರ್ಟೋವ್ ಕೇಳಲಿಲ್ಲ. ಒಂದು ಟನ್ನಿಗೂ ಮೀರಿದ ತೂಕದ ಯಂತ್ರಗಳನ್ನು ಸಾಗಿಸಿಕೊಂಡು 1930ರಲ್ಲಿ ಉಕ್ರೇನಿನ ಡಾನ್‌ಬಾಸ್ ಕಲ್ಲಿದ್ದಲು ಪ್ರದೇಶಕ್ಕೆ ಹೊರಟರು. ಗಣಿ, ಉಕ್ಕಿನ ಕುಲುಮೆ, ರೈಲು ಹಳಿ ಎಲ್ಲೆಲ್ಲಿಯೂ ಮೈಕ್ ಇಟ್ಟರು. ಹೀಗೆ ಹುಟ್ಟಿದ ಚಿತ್ರವೇ 'ಉತ್ಸಾಹ: ಡಾನ್‌ಬಾಸ್ ಸಿಂಫನಿ'. ಸದ್ದು ಹುಟ್ಟುವ ಜಾಗದಲ್ಲಿಯೇ ಅದನ್ನು ಹಿಡಿದು ಕಟ್ಟಿದ ಲೋಕದ ಮೊದಮೊದಲ ಸಾಕ್ಷ್ಯಚಿತ್ರಗಳಲ್ಲಿ ಇದು ಒಂದು.

ಚಿತ್ರದ ಆರಂಭದಲ್ಲಿ ಯುವತಿಯೊಬ್ಬಳು ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಆಲಿಸುತ್ತಾಳೆ. ಅವಳಿಗೆ ಕೇಳುವುದು ಇಗರ್ಜಿಯ ಗಂಟೆಗಳು, ಪೂಜೆಯ ಗಾಯನ. ಪವಿತ್ರ ಚಿತ್ರಗಳಿಗೆ ಮುತ್ತಿಡುವ, ಮೊಣಕಾಲೂರಿ ಶಿಲುಬೆಯ ಗುರುತು ಮಾಡುವ ಮುದುಕಿಯರನ್ನೂ, ಬೀದಿಯಲ್ಲಿ ತೂರಾಡುವ ಕುಡುಕರನ್ನೂ ಒಂದರ ಪಕ್ಕ ಒಂದಾಗಿ ತೋರಿಸುತ್ತಾರೆ. ಎರಡೂ ಒಂದೇ ಬಗೆಯ ಮತ್ತು ಎಂಬುದು ಸೂಚನೆ. ಆಮೇಲೆ ಜನ ಕೂಡಿ ಇಗರ್ಜಿಯ ನೆತ್ತಿಯಿಂದ ಶಿಲುಬೆಯನ್ನು ಎಳೆದು ಕೆಡವುತ್ತಾರೆ, ಒಳಗಿನ ಪವಿತ್ರ ಚಿತ್ರಗಳನ್ನು ಹೊತ್ತು ಹೊರಗೆ ಹಾಕುತ್ತಾರೆ. ಕಟ್ಟಡ ಕಾರ್ಮಿಕರ ಕ್ಲಬ್ ಆಗುತ್ತದೆ. ಆರ್ಥೊಡಾಕ್ಸ್ ಇಗರ್ಜಿಯಾದರೇನು, ಈ ದೃಶ್ಯ ನೋಡುವಾಗ ನಮ್ಮ ಎದೆ ಹಿಂಡುತ್ತದೆ. ಅದೇ ವರ್ಷಗಳಲ್ಲಿ ಆ ದೇಶದಲ್ಲಿ ಇಗರ್ಜಿಗಳ ಗಂಟೆಗಳನ್ನು ಇಳಿಸಿ ಲೋಹಕ್ಕಾಗಿ ಕರಗಿಸುತ್ತಿದ್ದರು. ಮಾಸ್ಕೋದ ದಾನಿಲೋವ್ ಮಠದ 18 ಗಂಟೆಗಳು ಮಾತ್ರ ಅಮೆರಿಕದ ಶ್ರೀಮಂತರೊಬ್ಬರು ಕೊಂಡದ್ದರಿಂದ ಉಳಿದು, ಹಾರ್ವರ್ಡ್ ವಿಶ್ವವಿದ್ಯಾಲಯದಲ್ಲಿದ್ದು, 2008ರಲ್ಲಿ ತಮ್ಮ ಮಠಕ್ಕೆ ಮರಳಿದವು. ಉಳಿದವುಗಳಲ್ಲಿ ಎಷ್ಟೋ ಗಂಟೆಗಳು ಮತ್ತೆ ಮೊಳಗಲಿಲ್ಲ.

ಇಲ್ಲಿ ಒಂದು ವಿಚಿತ್ರವಿದೆ. ಗಂಟೆಗಳ ಸದ್ದು ಅಡಗಬೇಕೆಂದು ಬಯಸಿದ ಮನುಷ್ಯನೇ ಆ ಸದ್ದನ್ನು ತನ್ನ ಚಿತ್ರದಲ್ಲಿ ಜೋಪಾನವಾಗಿ ಕಾಪಾಡಿಟ್ಟ. ಹಾಸ್ಯ ಮಾಡಲೆಂದೇ ಚಿತ್ರಿಸಿದರೂ ಮುದುಕಿಯರ ಮುಖದ ಭಕ್ತಿಯನ್ನು ಆ ಕ್ಯಾಮೆರಾ ಅಳಿಸಲಾರದೆ ಹೋಯಿತು. ಬದುಕನ್ನು ಇದ್ದಂತೆ ಹಿಡಿಯುತ್ತೇನೆಂದು ಹೊರಟವನ ಕೈಯಲ್ಲಿ, ಆತ ಹೇಳಬೇಕೆಂದುಕೊಂಡದ್ದಕ್ಕಿಂತ ಹೆಚ್ಚಿನದೇ ಸಿಕ್ಕಿಬಿಟ್ಟಿತ್ತು.

ಚಿತ್ರದ ಉಳಿದ ಭಾಗವೆಲ್ಲ ಕಾರ್ಖಾನೆಯ ಸಿಳ್ಳೆ, ಸುತ್ತಿಗೆಯ ಪೆಟ್ಟು, ಹೊಗೆಯುಗುಳುವ ಚಿಮಣಿಗಳು. ವೆರ್ಟೋವ್ ಅವರಿಗೆ ಚಿಮಣಿಯ ಹೊಗೆ ಎಂದರೆ ನಾಳೆಯ ಸುಖದ ಗುರುತು. ಅದೇ ಹೊಗೆ ಕೊಪ್ಪಳದವರಿಗೆ ಹೇಗೆ ಕಾಣುತ್ತದೆ? ಉಕ್ಕಿನ ಕಾರ್ಖಾನೆಯ ವಿಸ್ತರಣೆ ಬೇಡವೆಂದು 2025ರ ಫೆಬ್ರವರಿಯಲ್ಲಿ ಅಲ್ಲಿನ ಜನ ಅಂಗಡಿ ಮುಚ್ಚಿ ಬೀದಿಗಿಳಿದರು. ಗವಿಮಠದ ಸ್ವಾಮೀಜಿಯವರೂ ಅವರೊಂದಿಗೆ ನಿಂತರು. ಕುಲುಮೆಯ ಸದ್ದು ಎರಡೂ ಕಡೆ ಒಂದೇ. ಅದನ್ನು ಕಾರ್ಖಾನೆಯ ಗೇಟಿನೊಳಗಿಂದ ಕೇಳುತ್ತೇವೋ, ಬೂದಿ ಕೂತ ಅಂಗಳದಿಂದ ಕೇಳುತ್ತೇವೋ ಎಂಬುದರ ಮೇಲೆ ಚಿತ್ರ ಬೇರೆಯಾಗುತ್ತದೆ. ಡಾನ್‌ಬಾಸಿನಲ್ಲಿ ಮೈಕ್ ಇದ್ದದ್ದು ಗೇಟಿನೊಳಗೆ.

ಅದೇ ಚಿತ್ರದ ಕೊನೆಯ ಭಾಗದಲ್ಲಿ ಸಾಮೂಹಿಕ ಬೇಸಾಯದ ಹೊಲಗಳು, ಸುಗ್ಗಿ, ಹಾಡುವ ರೈತ ಮಹಿಳೆಯರು ಕಾಣುತ್ತಾರೆ. ಚಿತ್ರ ಬಂದ ಎರಡೇ ವರ್ಷದೊಳಗೆ, 1932-33ರಲ್ಲಿ, ಅದೇ ಉಕ್ರೇನಿನಲ್ಲಿ ಸರಕಾರ ಧಾನ್ಯವನ್ನು ಬಲವಂತವಾಗಿ ಹೊತ್ತೊಯ್ದದ್ದರಿಂದ ಜನ ಹಸಿವಿನಿಂದ ಸತ್ತರು. ಇತಿಹಾಸಕಾರರ ಅಂದಾಜು 35ರಿಂದ 40 ಲಕ್ಷ. ಈ ಬರವನ್ನು ದೇಶದ ಯಾವ ವಾರ್ತಾಚಿತ್ರವೂ ತೋರಿಸಲಿಲ್ಲ, ತೋರಿಸುವಂತೆಯೂ ಇರಲಿಲ್ಲ. 1922ರಲ್ಲಿ ಹಸಿದ ಮಕ್ಕಳ ಪರವಾಗಿ ಮೊರೆಯಿಟ್ಟಿದ್ದ ಚಿತ್ರಕಾರನ ಕಡೆಯಿಂದ ಹತ್ತು ವರ್ಷದ ನಂತರ ಒಂದು ಚೌಕಟ್ಟೂ ಬರಲಿಲ್ಲ. ಆ ಕಾಲದಲ್ಲಿ ಬಾಯಿ ತೆರೆದವರ ಗತಿ ಏನಾಗುತ್ತಿತ್ತೆಂದು ನಮಗೆ ಗೊತ್ತು. ಆದ್ದರಿಂದ ದೂಷಿಸಲು ನಾಲಿಗೆ ಏಳುವುದಿಲ್ಲ. ಆದರೆ ಸದ್ದಿಗಾಗಿ ಬದುಕು ತೆತ್ತವರ ಕಥೆಯಲ್ಲಿ ಈ ಮೌನವನ್ನು ಬರೆಯದೆ ಬಿಡುವುದೂ ಸರಿಯಲ್ಲ.

1931ರಲ್ಲಿ ವೆರ್ಟೋವ್ ಈ ಚಿತ್ರದೊಂದಿಗೆ ಯೂರೋಪಿನ ಪ್ರವಾಸ ಮಾಡಿದರು. ನವೆಂಬರಿನಲ್ಲಿ ಲಂಡನ್ನಿನ ಫಿಲ್ಮ್ ಸೊಸೈಟಿಯಲ್ಲಿ ಪ್ರದರ್ಶನವಾದಾಗ ಧ್ವನಿಯ ಏರಿಳಿತ ನಿಯಂತ್ರಿಸುವ ಗುಂಡಿಯ ಪಕ್ಕದಲ್ಲಿ ತಾವೇ ಕುಳಿತರಂತೆ. ಸದ್ದು ಎಷ್ಟು ಜೋರಾಯಿತೆಂದರೆ ಕಡಿಮೆ ಮಾಡಿ ಎಂದು ಬೇಡಿಕೊಂಡರೂ ಗುಂಡಿ ಬಿಟ್ಟುಕೊಡಲಿಲ್ಲ. ನಮ್ಮ ಸಾಂತ್‌ಮಾರಿ ಹಬ್ಬದ ಧ್ವನಿವರ್ಧಕದವರು ನೆನಪಾದರೆ ಅಚ್ಚರಿಯಿಲ್ಲ. ಆಗ ಲಂಡನ್ನಿನಲ್ಲಿದ್ದ ಚಾರ್ಲಿ ಚಾಪ್ಲಿನ್ ಚಿತ್ರ ನೋಡಿ, ಯಂತ್ರಗಳ ಸದ್ದನ್ನು ಸಂಗೀತವಾಗಿಸಿದ್ದಕ್ಕೆ ಮೆಚ್ಚುಗೆಯ ಪತ್ರ ಬರೆದುಕೊಟ್ಟರು. ಮೂಕಿ ಚಿತ್ರವನ್ನೇ ನೆಚ್ಚಿಕೊಂಡಿದ್ದ ಚಾಪ್ಲಿನ್ ಅವರಿಂದ ಬಂದ ಮೆಚ್ಚುಗೆ ಸಣ್ಣದಲ್ಲ.

1934ರ 'ಲೆನಿನ್ ಕುರಿತ ಮೂರು ಹಾಡುಗಳು' ಸರಕಾರಕ್ಕೂ ಹಿಡಿಸಿದ ಚಿತ್ರ. ಮರುವರ್ಷ ವೆರ್ಟೋವ್ ಅವರಿಗೆ ರೆಡ್ ಸ್ಟಾರ್ ಪದಕ ಬಂತು. ನಾಯಕನ ಸ್ತುತಿ ತುಂಬಿದ ಆ ಚಿತ್ರದ ಬಗ್ಗೆ ನಮಗೆ ಹೆಚ್ಚು ಹೇಳುವುದಿಲ್ಲ. ಆದರೆ ಅದರಲ್ಲಿ ಎರಡು ನಿಮಿಷದ ಒಂದು ತುಣುಕಿದೆ. ದ್ನಿಪ್ರೊ ನದಿಯ ಅಣೆಕಟ್ಟಿನಲ್ಲಿ ಕಾಂಕ್ರೀಟ್ ಕೆಲಸ ಮಾಡುತ್ತಿದ್ದ ಯುವತಿಯೊಬ್ಬಳು ಕ್ಯಾಮೆರಾದ ಮುಂದೆ ನಿಂತು ತಾನು ಹಸಿ ಕಾಂಕ್ರೀಟಿಗೆ ಬಿದ್ದದ್ದು, ಮೇಲೆದ್ದು ಬಟ್ಟೆ ಒಣಗಿಸಿಕೊಂಡು ಮತ್ತೆ ಕೆಲಸಕ್ಕೆ ಹೋದದ್ದು, ಆಮೇಲೆ ಬಹುಮಾನ ಬಂದದ್ದನ್ನು ನಾಚುತ್ತಾ, ತಡವರಿಸುತ್ತಾ, ನಡುವೆ ನಗುತ್ತಾ ಹೇಳುತ್ತಾಳೆ. ಬರೆದುಕೊಟ್ಟ ಮಾತಲ್ಲ, ನಿರೂಪಕರಿಲ್ಲ. ಕೂಲಿಕಾರ್ತಿಯೊಬ್ಬಳ ಮಾತು ಅವಳದೇ ಬಾಯಿಯಿಂದ, ಅವಳದೇ ತುಟಿಯ ಚಲನೆಯೊಂದಿಗೆ ಪರದೆಯ ಮೇಲೆ ಬಂದದ್ದು ಆ ಕಾಲಕ್ಕೆ ಬಹಳ ಹೊಸದು. ತುಂಗಭದ್ರಾ ಅಣೆಕಟ್ಟು ಕಟ್ಟುವಾಗಲೂ ಬುಟ್ಟಿ ಹೊತ್ತ ಹೆಣ್ಣುಮಕ್ಕಳು ಎಷ್ಟೋ ಮಂದಿ. 1953ರಲ್ಲಿ ನೀರು ನಿಂತಿತು. ಅಂದು ಹುಡುಗಿಯರಾಗಿದ್ದವರು ಯಾರಾದರೂ ಇಂದು ಇದ್ದರೆ ತೊಂಬತ್ತರ ಆಸುಪಾಸಿನಲ್ಲಿದ್ದಾರು. ಆ ಕಡೆ ಮನೆಭೇಟಿಗೆ ಹೋಗುವ ಧರ್ಮಭಗಿನಿಯರ ಕೈಯಲ್ಲಿ ಮೊಬೈಲ್ ಇದ್ದೇ ಇರುತ್ತದೆ.

ಆ ಪದಕದ ನಂತರ ವೆರ್ಟೋವ್ ಅವರ ಬದುಕು ಇಳಿಮುಖವಾಯಿತು. 1937ರಲ್ಲಿ 'ಜೋಗುಳ', ಅದರ ಬೆನ್ನಿಗೆ ಇನ್ನೊಂದು ಚಿತ್ರ. ಬಳಿಕ ಅವರು ಬರೆದುಕೊಟ್ಟ ಯೋಜನೆಗಳು ಒಂದಾದ ಮೇಲೊಂದು ತಿರಸ್ಕೃತವಾದವು. ಆ ನೋವನ್ನು ಅವರು ದಿನಚರಿಯಲ್ಲಿ ಬರೆದಿಟ್ಟಿದ್ದಾರೆ. ಅವರನ್ನು ಚಿತ್ರರಂಗಕ್ಕೆ ಕರೆತಂದ ಕೋಲ್ತ್‌ಸೋವ್ ಅವರನ್ನು 1938ರಲ್ಲಿ ಬಂಧಿಸಿ 1940ರಲ್ಲಿ ಗುಂಡಿಕ್ಕಿದರು. ಶಿಕ್ಷೆಗೊಳಗಾದವರ ಮುಖಗಳನ್ನು ಹಳೆಯ ಚಿತ್ರಗಳಿಂದ ಕತ್ತರಿಸಿ ತೆಗೆಯುತ್ತಿದ್ದ ಕಾಲ ಅದು. 'ಮೂರು ಹಾಡುಗಳು' ಕೂಡ ಹೀಗೆ ಕತ್ತರಿಗೆ ಸಿಕ್ಕಿತು. ಕತ್ತರಿಯನ್ನು ಸತ್ಯ ಕಟ್ಟುವ ಸಾಧನವೆಂದು ನಂಬಿದವರು ಅದೇ ಕತ್ತರಿ ಇನ್ನೊಂದು ಕೆಲಸಕ್ಕೆ ಬಳಕೆಯಾಗುವುದನ್ನು ಕಣ್ಣಾರೆ ಕಂಡರು. 1944ರಿಂದ ಹತ್ತು ವರ್ಷ ಅವರಿಗೆ ಸಿಕ್ಕಿದ್ದು 'ದಿನದ ಸುದ್ದಿ' ಎಂಬ ವಾರ್ತಾಚಿತ್ರವನ್ನು ಜೋಡಿಸುವ ಕೆಲಸ ಮಾತ್ರ. 1949ರಲ್ಲಿ ಯೆಹೂದ್ಯ ಮೂಲದ ಕಲಾವಿದರ ವಿರುದ್ಧ ನಡೆದ ಅಭಿಯಾನದ ಬಿಸಿ ಅವರಿಗೂ ತಟ್ಟಿತು. 1954ರ ಫೆಬ್ರವರಿ 12ರಂದು ಮಾಸ್ಕೋದಲ್ಲಿ ಕ್ಯಾನ್ಸರಿನಿಂದ ತೀರಿಕೊಂಡಾಗ ಅವರಿಗೆ 58 ವರ್ಷ.

ಅದೇ ವರ್ಷ ಅಮೆರಿಕದಲ್ಲಿ ಕಿರಿಯ ತಮ್ಮ ಬೋರಿಸ್ ಕೌಫ್‌ಮನ್ ಛಾಯಾಗ್ರಹಣದ 'ಆನ್ ದಿ ವಾಟರ್‌ಫ್ರಂಟ್' ಬಿಡುಗಡೆಯಾಯಿತು. ಹಡಗುಕಟ್ಟೆಯ ಕೂಲಿಗಳ ಪರವಾಗಿ ನಿಲ್ಲುವ ಕಥೋಲಿಕ ಗುರುವೊಬ್ಬರ ಪಾತ್ರ ಆ ಚಿತ್ರದಲ್ಲಿದೆ. ಬೋರಿಸ್ ಅವರಿಗೆ ಆಸ್ಕರ್ ಪ್ರಶಸ್ತಿ ಬಂತು. ಸಿನಿಮಾಕ್ಕೆ ನೂರು ವರ್ಷ ತುಂಬಿದ ಸಂದರ್ಭದಲ್ಲಿ 1995ರಲ್ಲಿ ವ್ಯಾಟಿಕನ್ ಆರಿಸಿದ 45 ಚಿತ್ರಗಳ ಪಟ್ಟಿಯಲ್ಲಿಯೂ ಅದು ಸೇರಿತು. ಒಬ್ಬ ಅಣ್ಣ ಶಿಲುಬೆ ಬೀಳುವುದನ್ನು ಚಿತ್ರಿಸಿದರೆ, ತಮ್ಮನ ಕ್ಯಾಮೆರಾ ಗುರುವಿನ ಧೈರ್ಯವನ್ನು ಚಿತ್ರಿಸಿತು. ಒಂದೇ ಮನೆಯ ಮಕ್ಕಳು!

ವೆರ್ಟೋವ್ ಅವರನ್ನು ಲೋಕ ಮತ್ತೆ ನೆನೆದದ್ದು ಅವರು ಹೋದ ಮೇಲೆ. 1960ರ ಆಸುಪಾಸಿನಲ್ಲಿ ಫ್ರಾನ್ಸಿನ ಜೀನ್ ರೂಶ್ ಮತ್ತು ಎಡ್ಗರ್ ಮೊರಾನ್ ಹಗುರ ಕ್ಯಾಮೆರಾ, ಒಯ್ಯಬಹುದಾದ ಧ್ವನಿಮುದ್ರಕ ಹಿಡಿದು ಬೀದಿಗಿಳಿದು, ತಮ್ಮ ಬಗೆಯ ಚಿತ್ರಕ್ಕೆ 'ಕಿನೊ-ಪ್ರಾವ್ಡಾ'ದ ಫ್ರೆಂಚ್ ರೂಪವನ್ನೇ ಹೆಸರಾಗಿ ಇಟ್ಟುಕೊಂಡರು. ನಮ್ಮ ದೇಶದಲ್ಲಿ ಫಿಲ್ಮ್ಸ್ ಡಿವಿಷನ್ನಿನ ಎಸ್.ಎನ್.ಎಸ್. ಶಾಸ್ತ್ರಿಯವರು 1967ರಲ್ಲಿ, ಸ್ವಾತಂತ್ರ್ಯದ ವರ್ಷದಲ್ಲಿ ಹುಟ್ಟಿದ ಯುವಕ ಯುವತಿಯರನ್ನು ಮಾತಾಡಿಸಿ 'ಐ ಆ್ಯಮ್ 20' ಎಂಬ ಕಿರುಚಿತ್ರ ಮಾಡಿದಾಗ ಕೆಲಸ ಮಾಡಿದ್ದೂ ಇದೇ ಬಗೆಯ ಆಸೆ, ಎದುರಿಗಿರುವವರ ಮಾತನ್ನು ಅವರ ಬಾಯಿಯಿಂದಲೇ ಕೇಳಬೇಕೆಂಬುದು.

ಗಂಡನ ಕಾಗದಪತ್ರಗಳನ್ನೂ ಚಿತ್ರಗಳನ್ನೂ ಕಾಪಾಡಿ ಜನರಿಗೆ ತಲುಪಿಸಿದವರು ಸ್ವಿಲೋವಾ. 1945ರಲ್ಲಿ ಔಶ್ವಿಟ್ಜ್ ಸೆರೆ ಶಿಬಿರದ ಬಿಡುಗಡೆಯ ದೃಶ್ಯಗಳನ್ನು ಜೋಡಿಸಿ ಲೋಕಕ್ಕೆ ತೋರಿಸಿದವರೂ ಅವರೇ. 1975ರಲ್ಲಿ ತೀರಿಕೊಳ್ಳುವ ಮೊದಲು ವೆರ್ಟೋವ್ ಅವರ ಬರಹ, ಪತ್ರಗಳ ಒಂದು ಭಾಗವನ್ನು ವಿಯೆನ್ನಾದ ಆಸ್ಟ್ರಿಯನ್ ಫಿಲ್ಮ್ ಮ್ಯೂಸಿಯಂಗೆ ಕೊಟ್ಟರು. 'ಉತ್ಸಾಹ' ಚಿತ್ರದ ಉಳಿದ ಪ್ರತಿಗಳಲ್ಲಿ ಸದ್ದೂ ದೃಶ್ಯವೂ ಹೊಂದಿಕೆ ತಪ್ಪಿಹೋಗಿದ್ದವು. ಸುತ್ತಿಗೆ ಬಿದ್ದದ್ದು ಒಂದು ಗಳಿಗೆ, ಪೆಟ್ಟು ಕೇಳಿದ್ದು ಇನ್ನೊಂದು ಗಳಿಗೆ. ಅದೇ ಮ್ಯೂಸಿಯಂನ ಪೀಟರ್ ಕುಬೆಲ್ಕಾ 1972ರಲ್ಲಿ ಕುಳಿತು ಸದ್ದನ್ನು ದೃಶ್ಯಕ್ಕೆ ಮತ್ತೆ ಹೊಂದಿಸಿದರು. ಹೊಂದಿಕೆ ತಪ್ಪಿದ ಪ್ರತಿ, ಸರಿಪಡಿಸಿದ ಪ್ರತಿ ಎರಡನ್ನೂ ಒಟ್ಟಿಗೆ ಸೇರಿಸಿದ ಡಿವಿಡಿಯನ್ನು 2005ರಲ್ಲಿ ಹೊರತಂದಿದ್ದಾರೆ. ಎರಡನ್ನೂ ಒಂದರ ಹಿಂದೆ ಒಂದು ನೋಡಿದರೆ ಸಂಕಲನಕಾರರ ಕೆಲಸವೇನೆಂದು ಯಾರೂ ವಿವರಿಸಬೇಕಾಗಿಲ್ಲ.